ಬೆಂಗಳೂರು ಸೆಂಟ್ರಲ್ ಜೈಲು: ಬರೆದವರು, ಬರೆಯದವರು

1984ರ ಏಪ್ರಿಲ್ 12ರಂದು ಬೆಂಗಳೂರು ಸೆಂಟ್ರಲ್ ಜೈಲಿನಲ್ಲಿದ್ದ ರಾಮಮೂರ್ತಿ ಎಂಬ ಕೈದಿಯೊಬ್ಬರು ಭಾರತದ ಮುಖ್ಯ ನ್ಯಾಯಮೂರ್ತಿಗಳಿಗೆ ಒಂದು ಪತ್ರ ಬರೆದರು. ಜೈಲಿನ ಬೇರೆ ಬೇರೆ ವಿಭಾಗಗಳಲ್ಲಿ ಮೈಮುರಿದು ದುಡಿಯುವ ಕೈದಿಗಳಿಗೆ ನ್ಯಾಯವಾಗಿ ಸಲ್ಲಬೇಕಾದ ಕೂಲಿ ಸಿಗುತ್ತಿಲ್ಲ ಎಂಬುದು ಅದರಲ್ಲಿದ್ದ ಮುಖ್ಯ ದೂರು. ಊಟ ತಿನ್ನುವಂತಿಲ್ಲ, ದೇಹಕ್ಕೂ ಮನಸ್ಸಿಗೂ ಹಿಂಸೆಯಾಗುತ್ತಿದೆ ಎಂಬ ಮಾತುಗಳೂ ಇದ್ದವು. ಸುಪ್ರೀಂ ಕೋರ್ಟು ಆ ಪತ್ರವನ್ನೇ ಅರ್ಜಿಯೆಂದು ಪರಿಗಣಿಸಿ, ಜೈಲಿಗೆ ಹೋಗಿ ಕೂಲಿಯ ಲೆಕ್ಕವನ್ನೂ ಕೈದಿಗಳ ಸ್ಥಿತಿಗತಿಯನ್ನೂ ನೋಡಿ ವರದಿ ಕೊಡುವಂತೆ ಬೆಂಗಳೂರಿನ ಜಿಲ್ಲಾ ನ್ಯಾಯಾಧೀಶರಿಗೆ ಸೂಚಿಸಿತು. ಅಂತಿಮ ತೀರ್ಪು ಬಂದದ್ದು 1996ರ ಡಿಸೆಂಬರ್ 23ರಂದು. ಪತ್ರಕ್ಕೆ ಉತ್ತರ ಬರಲು ಹನ್ನೆರಡು ವರ್ಷಗಳ ಮೇಲೆ ಎಂಟು ತಿಂಗಳು ಹಿಡಿಯಿತು ಎಂದು ಬೇಕಾದರೆ ಹೇಳಬಹುದು; ಆದರೆ ಉತ್ತರ ಬಂತು ಎನ್ನುವುದೇ ನಮ್ಮ ಜೈಲುಗಳ ಚರಿತ್ರೆಯಲ್ಲಿ ಅಪರೂಪದ ಸಂಗತಿ.

ಕಾನೂನು ಓದಿದವರಿಗೆ ಈ ಪ್ರಕರಣದ ಹೆಸರು ಬಾಯಿಪಾಠವಾಗಿರುತ್ತದೆ. ಕಾನೂನು ಓದದ ಬೆಂಗಳೂರಿಗರಿಗೆ ಅದೇ ಜೈಲಿನ ಬಗ್ಗೆ ತಿಳಿದಿರುವುದು ಬೇರೆ: ತುರ್ತುಪರಿಸ್ಥಿತಿಯಲ್ಲಿ ವಾಜಪೇಯಿ ಅಲ್ಲಿದ್ದರು, ಅಡ್ವಾಣಿ ಅಲ್ಲಿದ್ದರು. ಈಗ ಫ್ರೀಡಂ ಪಾರ್ಕ್ ಎಂದು ಹೆಸರಾಗಿರುವ ಆ ಆವರಣದೊಳಗೆ ಅಡ್ಡಾಡುವವರಲ್ಲಿ ಯಾರನ್ನು ಕೇಳಿದರೂ ಇವೇ ಹೆಸರುಗಳನ್ನು ಹೇಳುತ್ತಾರೆ. ಇದರಲ್ಲಿ ಅವರ ತಪ್ಪೇನೂ ಇಲ್ಲ. ಸುಮಾರು ಒಂದೂಕಾಲು ಶತಮಾನ ಅಲ್ಲಿ ಬಂದು ಹೋದ ಸಾವಿರಾರು ಜನರ ಪೈಕಿ ನಮ್ಮ ನೆನಪಿನಲ್ಲಿ ಉಳಿದವರೆಲ್ಲ ಬರೆಯಬಲ್ಲವರು, ಬರೆಯಲು ಕಾಗದ ಸಿಕ್ಕವರು, ಬರೆದದ್ದನ್ನು ಅಚ್ಚು ಹಾಕಿಸಲು ಹೊರಗೆ ಜನ ಇದ್ದವರು. ಜೈಲಿನಲ್ಲಿ ಯಾರಿಗೆ ಕಾಗದ ಸಿಗಬೇಕು ಎಂಬುದನ್ನು ಸರ್ಕಾರವೇ ನಿಯಮ ಮಾಡಿ ತೀರ್ಮಾನಿಸಿತ್ತು ಎಂಬುದು ಬಹಳ ಮಂದಿಗೆ ಗೊತ್ತಿಲ್ಲ. ಆ ನಿಯಮದ ಬುಡ ಹುಡುಕಲು ಸ್ವಲ್ಪ ಹಿಂದಕ್ಕೆ ಹೋಗಬೇಕು.

ಶಿಕ್ಷೆಯೆಂದು ಇಷ್ಟು ವರ್ಷ ಒಬ್ಬನನ್ನು ಗೋಡೆಯೊಳಗೆ ಕೂಡಿಹಾಕುವ ಪದ್ಧತಿ ನಮ್ಮಲ್ಲಿ ಅಷ್ಟೇನೂ ಹಳೆಯದಲ್ಲ. ಅರಸರ ಕಾಲದಲ್ಲಿ ಸೆರೆಮನೆ ಇರಲಿಲ್ಲವೆಂದಲ್ಲ. ಬೆಟ್ಟದ ಕೋಟೆಗಳಲ್ಲಿ, ನೆಲಮಾಳಿಗೆಗಳಲ್ಲಿ ಯುದ್ಧಕೈದಿಗಳನ್ನೂ ರಾಜದ್ರೋಹಿಗಳನ್ನೂ ಇಡುತ್ತಿದ್ದರು. ಹೈದರಾಲಿಯ ಸೈನ್ಯಕ್ಕೆ ಸೆರೆಸಿಕ್ಕ ಬ್ರಿಟಿಷ್ ಸೇನಾಧಿಕಾರಿ ಕರ್ನಲ್ ಬೇಲಿ ಶ್ರೀರಂಗಪಟ್ಟಣದ ಸೆರೆಯಲ್ಲಿ 1782ರಲ್ಲಿ ಸತ್ತ. ಅಲ್ಲಿಯೇ ಮೂರೂವರೆ ವರ್ಷಕ್ಕೂ ಮಿಗಿಲಾಗಿ ಬಂದಿಯಾಗಿದ್ದ ಡೇವಿಡ್ ಬೇರ್ಡ್ 1799ರಲ್ಲಿ ಅದೇ ಕೋಟೆಯ ಮೇಲಿನ ಅಂತಿಮ ದಾಳಿಯ ಮುಂದಾಳಾಗಿ ಹಿಂತಿರುಗಿದ. ಆದರೆ ಸಾಮಾನ್ಯ ಕಳ್ಳನಿಗೆ ಇಷ್ಟು ತಿಂಗಳು, ದರೋಡೆಕೋರನಿಗೆ ಇಷ್ಟು ವರ್ಷ ಎಂದು ಕಾಲವನ್ನೇ ಅಳೆದು ಶಿಕ್ಷೆಯಾಗಿ ವಿಧಿಸುವುದು ವ್ಯವಸ್ಥೆಯಾಗಿ ಬೇರೂರಿದ್ದು ಕಂಪನಿ ಸರ್ಕಾರದ ಕಾಲದಲ್ಲಿ. ಮೆಕಾಲೆ ಎಂದರೆ ನಮಗೆ ಇಂಗ್ಲಿಷ್ ಶಿಕ್ಷಣ ನೆನಪಾಗುತ್ತದೆ. ಅದೇ ಮೆಕಾಲೆ 1835ರ ಕೊನೆಯಲ್ಲಿ ಜೈಲುಗಳ ಸುಧಾರಣೆಗೆ ಸಮಿತಿಯೊಂದು ಬೇಕೆಂದು ಟಿಪ್ಪಣಿ ಬರೆದ; ಆ ಸಮಿತಿಯಲ್ಲಿ ತಾನೂ ಸದಸ್ಯನಾದ. 1838ರಲ್ಲಿ ಬಂದ ಅದರ ವರದಿ, ಕೈದಿಗಳನ್ನು ರಸ್ತೆ ಕೆಲಸಕ್ಕೆ ಹೊರಗೆ ಕಳಿಸುವುದು ತಪ್ಪು, ಊರವರೊಂದಿಗೆ ಮಾತು, ಬೀಡಿ, ಬಂಧುಗಳ ಭೇಟಿ ಎಲ್ಲವೂ ಅದರಿಂದ ಸಲೀಸಾಗುತ್ತದೆ ಎಂಬ ಧಾಟಿಯಲ್ಲಿ ವಾದಿಸಿತು. ಅದು ಬಯಸಿದ್ದು ಗೋಡೆಯೊಳಗಿನ, ಬೇಸರ ಹುಟ್ಟಿಸುವ, ಒಂದೇ ತೆರನಾದ ದುಡಿಮೆಯನ್ನು. ದೀರ್ಘಾವಧಿ ಶಿಕ್ಷೆಯವರಿಗೆಂದು ದೊಡ್ಡ ಕೇಂದ್ರೀಯ ಜೈಲುಗಳನ್ನು ಕಟ್ಟಬೇಕೆಂದೂ ಅದು ಹೇಳಿತು. ಸೆಂಟ್ರಲ್ ಜೈಲು ಎಂಬ ಸಂಸ್ಥೆ ಹುಟ್ಟಿದ್ದು ಹೀಗೆ.

ಮೈಸೂರು ಸಂಸ್ಥಾನ 1831ರಿಂದ 1881ರವರೆಗೆ ಬ್ರಿಟಿಷ್ ಕಮಿಷನರುಗಳ ಆಡಳಿತದಲ್ಲಿತ್ತು. ಬೆಂಗಳೂರಿನ ಸೆಂಟ್ರಲ್ ಜೈಲು ಎದ್ದದ್ದು ಆ ಅವಧಿಯಲ್ಲಿ, 1860ರ ದಶಕದಲ್ಲಿ. ನಡುವೆ ಒಂದು ಕಾವಲು ಗೋಪುರ, ಅದರ ಸುತ್ತ ಹೊರಮುಖವಾಗಿ ಹರಡಿದ ಉದ್ದನೆಯ ಬ್ಯಾರಕ್ಕುಗಳು, ಎಲ್ಲದರ ಸುತ್ತ ಎತ್ತರದ ಗೋಡೆ. ಗೋಪುರದಲ್ಲಿ ನಿಂತ ಒಬ್ಬನೇ ಕಾವಲುಗಾರ ಎಲ್ಲರನ್ನೂ ನೋಡಬಹುದು. ಅವನು ಯಾರನ್ನು ನೋಡುತ್ತಿದ್ದಾನೆ ಎಂಬುದು ಕೆಳಗಿರುವವರಿಗೆ ತಿಳಿಯದು. ಈ ತತ್ವವನ್ನು 18ನೇ ಶತಮಾನದ ಕೊನೆಯಲ್ಲಿ ಇಂಗ್ಲೆಂಡಿನ ಜೆರೆಮಿ ಬೆಂಥಮ್ ಕಾಗದದ ಮೇಲೆ ಬರೆದಿದ್ದ. ಅದರ ನಾನಾ ರೂಪಗಳು ಜಗತ್ತಿನಾದ್ಯಂತ ಕಟ್ಟಡಗಳಾದವು. ಅಂಡಮಾನಿನ ಸೆಲ್ಯುಲರ್ ಜೈಲಿನ ಏಳು ತೋಳುಗಳೂ ಒಂದೇ ಗೋಪುರದಿಂದ ಹೊರಟವು. ನೋಡುವ ಮಟ್ಟಿಗೆ ಈ ಕಟ್ಟಡಗಳು ಜಾಣತನದವು. ಕೇಳುವ ಏರ್ಪಾಡು ಮಾತ್ರ ಅವುಗಳಲ್ಲಿ ಎಲ್ಲಿಯೂ ಇಲ್ಲ.

ಹೊಸ ಜೈಲು ವ್ಯವಸ್ಥೆಗೆ ಕೈದಿಗಳು ಮೊದಲು ಎದುರುಬಿದ್ದದ್ದು ಊಟದ ವಿಷಯದಲ್ಲಿ. ಮೊದಮೊದಲು ಕೈದಿಗಳಿಗೆ ದಿನಕ್ಕಿಷ್ಟು ಎಂದು ಕಾಸು ಕೊಡುತ್ತಿದ್ದರು. ಅವರವರೇ ದಿನಸಿ ತರಿಸಿ, ಅವರವರೇ ಒಲೆ ಹೂಡಿ ಬೇಯಿಸಿಕೊಳ್ಳುತ್ತಿದ್ದರು. 1840ರ ದಶಕದ ಹೊತ್ತಿಗೆ ಇದನ್ನು ನಿಲ್ಲಿಸಿ ಒಟ್ಟಡುಗೆ ತಂದಾಗ ಉತ್ತರದ ಜೈಲುಗಳಲ್ಲಿ ದಂಗೆಗಳೆದ್ದವು. 1855ರಲ್ಲಿ ಬಿಹಾರದ ಆರಾ ಮತ್ತು ಮುಜಫ್ಫರಪುರದ ಜೈಲುಗಳಲ್ಲಿ ಕೈದಿಗಳ ಹಿತ್ತಾಳೆಯ ಲೋಟಗಳನ್ನು ಕಿತ್ತುಕೊಂಡು ಮಣ್ಣಿನ ಪಾತ್ರೆ ಕೊಟ್ಟಾಗ ಜೈಲಿನೊಳಗಿನವರ ಜೊತೆ ಊರಿನ ಜನವೂ ಸೇರಿಕೊಂಡರು. ಲೋಟ ಆಯುಧವಾದೀತೆಂಬ ಭಯ ಅಧಿಕಾರಿಗಳದ್ದು. ಮಣ್ಣಿನ ಪಾತ್ರೆಯಿಂದ ಜಾತಿ ಕೆಡುತ್ತದೆಂಬ ಭಯ ಕೈದಿಗಳದ್ದು. ಎರಡೇ ವರ್ಷಗಳ ನಂತರ 1857ರಲ್ಲಿ ಸಿಪಾಯಿಗಳು ಹೋದಲ್ಲೆಲ್ಲ ಜೈಲಿನ ಬಾಗಿಲು ಒಡೆದದ್ದು, ನಲವತ್ತರಷ್ಟು ಜೈಲುಗಳು ದಾಳಿಗೆ ಒಳಗಾಗಿ ಸಾವಿರಾರು ಕೈದಿಗಳು ಹೊರಬಂದದ್ದು ಕಾಕತಾಳೀಯವಾಗಿರಲಾರದು. ದಂಗೆಯಿಂದ ಸರ್ಕಾರ ಎರಡು ಪಾಠ ಕಲಿಯಿತು. ಒಂದು, ಅಪಾಯಕಾರಿಯೆನಿಸಿದವರನ್ನು ಸಮುದ್ರದಾಚೆ ಕಳಿಸುವುದು. 1858ರ ಮಾರ್ಚಿನಲ್ಲಿ ಅಂಡಮಾನಿನ ವಸಾಹತು ಶುರುವಾಯಿತು. ಇನ್ನೊಂದು, ಜೈಲಿನೊಳಗೆ ಜಾತಿಯ ತಂಟೆಗೆ ಹೋಗದಿರುವುದು. ಈ ಎರಡನೆಯ ಪಾಠ ಮೊದಲನೆಯದಕ್ಕಿಂತ ಹೆಚ್ಚು ಕಾಲ ಬದುಕಿತು.

1894ರ ಕಾರಾಗೃಹಗಳ ಕಾಯ್ದೆ ಇಂದಿಗೂ ದೇಶದ ಹಲವು ಜೈಲು ಕಾನೂನುಗಳ ತಾಯಿಬೇರು. ಅದನ್ನು ಓದಿದರೆ ಸುಧಾರಣೆಯ ಮಾತು ಎಲ್ಲಿಯೂ ಕಣ್ಣಿಗೆ ಬೀಳುವುದಿಲ್ಲ. ಶಿಸ್ತು, ಕಾವಲು, ಅಪರಾಧ, ಶಿಕ್ಷೆ ಇಷ್ಟೇ. ಜೈಲಿನೊಳಗೆ ತಪ್ಪು ಮಾಡಿದವರಿಗೆ ಕೈಕೋಳ, ಕಾಲುಬೇಡಿ, ಗೋಣಿತಟ್ಟಿನಂಥ ಒರಟು ಬಟ್ಟೆ, ಊಟದಲ್ಲಿ ಕಡಿತ, ಏಕಾಂತ, ಮೂವತ್ತರವರೆಗೆ ಛಡಿಯೇಟು ಎಂದು ಅದು ವಿವರವಾಗಿ ಪಟ್ಟಿ ಮಾಡುತ್ತದೆ. ಕಾಯ್ದೆಯಡಿ ನಿಯಮ ಮಾಡುವ ಅಧಿಕಾರವನ್ನು ಪ್ರಾಂತ್ಯಗಳಿಗೆ ಬಿಟ್ಟಿದ್ದರಿಂದ ಪ್ರತಿಯೊಂದು ಪ್ರಾಂತ್ಯವೂ ತನ್ನದೇ ಜೈಲು ಕೈಪಿಡಿ ಬರೆದುಕೊಂಡಿತು. ಅಡುಗೆಗೆ ಯಾವ ಜಾತಿಯವರು, ಕಕ್ಕಸು ಬಳಿಯಲು ಯಾವ ಜಾತಿಯವರು ಎಂಬುದು ಹಲವು ಕೈಪಿಡಿಗಳಲ್ಲಿ ನಿಯಮವಾಗಿಯೇ ಸೇರಿಕೊಂಡಿತು. ಸಂವಿಧಾನ ಬಂದಮೇಲೂ ಆ ಸಾಲುಗಳನ್ನು ಅಳಿಸುವ ಗೋಜಿಗೆ ಯಾರೂ ಹೋಗಲಿಲ್ಲ. ಪತ್ರಕರ್ತೆ ಸುಕನ್ಯಾ ಶಾಂತಾ ಅವರ ಅರ್ಜಿಯ ಮೇಲೆ ಸುಪ್ರೀಂ ಕೋರ್ಟು ಇಂಥ ನಿಯಮಗಳನ್ನೆಲ್ಲ ಅಸಾಂವಿಧಾನಿಕವೆಂದು ಹೊಡೆದುಹಾಕಿ, ಜೈಲಿನ ರಿಜಿಸ್ಟರುಗಳಿಂದ ಜಾತಿಯ ಕಾಲಂ ತೆಗೆಯಬೇಕೆಂದು ಆದೇಶಿಸಿದ್ದು 2024ರ ಅಕ್ಟೋಬರ್ 3ರಂದು. ಗಣರಾಜ್ಯವಾಗಿ ಎಪ್ಪತ್ತನಾಲ್ಕು ವರ್ಷಗಳಾದ ಮೇಲೆ.

ಕಾಗದದ ವಿಷಯಕ್ಕೆ ಬರೋಣ. 1919-20ರಲ್ಲಿ ಅಲೆಕ್ಸಾಂಡರ್ ಕಾರ್ಡ್ಯೂ ಅಧ್ಯಕ್ಷತೆಯ ಸಮಿತಿ, ಜೈಲಿನ ಗುರಿ ಬರಿಯ ಹೆದರಿಕೆ ಹುಟ್ಟಿಸುವುದಾಗಿರದೆ ಮನುಷ್ಯನನ್ನು ತಿದ್ದುವುದೂ ಆಗಿರಬೇಕೆಂದು ಸರ್ಕಾರಿ ವರದಿಯಲ್ಲಿ ಬರೆಯಿತು. ಆದರೆ ಅಷ್ಟರಲ್ಲಿ ಜೈಲುಗಳಿಗೆ ಬೇರೆ ಬಗೆಯ ಜನ ಬರತೊಡಗಿದ್ದರು: ವಕೀಲರು, ಮೇಷ್ಟ್ರುಗಳು, ಪತ್ರಿಕೆ ನಡೆಸುವವರು, ಕಾಲೇಜು ಹುಡುಗರು. ರಾಜಕೀಯ ಕೈದಿಗಳನ್ನು ಕಳ್ಳರ ಹಾಗೆ ನಡೆಸಿಕೊಳ್ಳಬಾರದೆಂದು ಲಾಹೋರ್ ಜೈಲಿನಲ್ಲಿ ಉಪವಾಸ ಹಿಡಿದ ಜತೀಂದ್ರನಾಥ ದಾಸ್ 1929ರ ಸೆಪ್ಟೆಂಬರ್ 13ರಂದು, ಅರವತ್ತಮೂರನೆಯ ದಿನ, ಪ್ರಾಣಬಿಟ್ಟರು. ದೇಶ ಕುದಿಯಿತು. ಸರ್ಕಾರ ಮಾಡಿದ್ದೇನೆಂದರೆ, 'ರಾಜಕೀಯ ಕೈದಿ' ಎಂಬ ವರ್ಗವನ್ನು ಒಪ್ಪಿಕೊಳ್ಳದೆ, 1930ರಲ್ಲಿ ಶಿಕ್ಷೆಯಾದ ಕೈದಿಗಳೆಲ್ಲರನ್ನೂ ಎ, ಬಿ, ಸಿ ಎಂದು ಮೂರು ದರ್ಜೆ ಮಾಡಿತು. ಯಾರು ಯಾವ ದರ್ಜೆ ಎಂಬುದಕ್ಕೆ ಮುಖ್ಯ ಅಳತೆಗೋಲು ಸಾಮಾಜಿಕ ಅಂತಸ್ತು, ವಿದ್ಯೆ, ಹೊರಗಿನ ಜೀವನಶೈಲಿ. ಮೇಲಿನ ದರ್ಜೆಯವರಿಗೆ ಮಂಚ, ಒಳ್ಳೆಯ ಊಟ, ಪುಸ್ತಕ, ಹೆಚ್ಚು ಪತ್ರ, ಹೆಚ್ಚು ಭೇಟಿ. ಸಿ ದರ್ಜೆಯವರಿಗೆ ಚಾಪೆ, ಕಂಬಳಿ, ಬೀಸುವ ಕಲ್ಲು. ಅನ್ಯಾಯವನ್ನು ಎದುರಿಸಿ ಸತ್ತವರೊಬ್ಬರ ಹೋರಾಟದ ಫಲವಾಗಿ ಮತ್ತೊಂದು ಅನ್ಯಾಯ ನಿಯಮವಾಯಿತು. ಭಾರತದ ಜೈಲು ಸಾಹಿತ್ಯವೆಂದು ನಾವು ಹೆಮ್ಮೆಪಡುವ ಬರಹದಲ್ಲಿ ಬಹುಪಾಲು ಈ ಮೇಲಿನ ದರ್ಜೆಗಳಿಂದ ಬಂದದ್ದು ಎಂಬುದನ್ನು ನೆನೆದಾಗ ಆ ಪುಸ್ತಕಗಳ ಮೇಲಿನ ಗೌರವ ಕಡಿಮೆಯಾಗುವುದಿಲ್ಲ, ಆದರೆ ಅವುಗಳನ್ನು ಓದುವ ರೀತಿ ಬದಲಾಗುತ್ತದೆ.

ಈಸೂರಿನವರನ್ನು ಈ ಹಿನ್ನೆಲೆಯಲ್ಲಿ ನೋಡಬೇಕು. 'ಏಸೂರ ಕೊಟ್ಟರೂ ಈಸೂರ ಕೊಡೆವು' ಎಂಬ ಮಾತನ್ನು ಶಾಲೆಯಲ್ಲಿ ಕಲಿಯದ ಕನ್ನಡಿಗರು ಕಡಿಮೆ. ಶಿಕಾರಿಪುರ ತಾಲ್ಲೂಕಿನ ಆ ಹಳ್ಳಿ 1942ರ ಸೆಪ್ಟೆಂಬರಿನಲ್ಲಿ ತನ್ನನ್ನು ತಾನೇ ಸ್ವತಂತ್ರವೆಂದು ಘೋಷಿಸಿಕೊಂಡಿತು; 28ರಂದು ನಡೆದ ಘರ್ಷಣೆಯಲ್ಲಿ ಅಮಲ್ದಾರ ಮತ್ತು ಸಬ್ ಇನ್ಸ್‌ಪೆಕ್ಟರ್ ಸತ್ತರು. ಆಮೇಲೆ ಹಳ್ಳಿಯ ಮೇಲೆ ಪೊಲೀಸರು ಹರಿಹಾಯ್ದದ್ದು, ಜನ ಕಾಡಿಗೆ ಓಡಿದ್ದು ಎಲ್ಲ ಗೊತ್ತಿರುವ ಕಥೆ. ಗುರಪ್ಪ, ಜೀನಹಳ್ಳಿ ಮಲ್ಲಪ್ಪ, ಸೂರ್ಯನಾರಾಯಣಾಚಾರ್, ಬಡಕಳ್ಳಿ ಹಾಲಪ್ಪ, ಗೌಡ್ರ ಶಂಕರಪ್ಪ ಎಂಬ ಐವರನ್ನು 1943ರ ಮಾರ್ಚಿನಲ್ಲಿ ಬೆಂಗಳೂರು ಸೆಂಟ್ರಲ್ ಜೈಲಿನಲ್ಲಿ ಗಲ್ಲಿಗೇರಿಸಿದರು. ಹಾಲಮ್ಮ, ಪಾರ್ವತಮ್ಮ, ಸಿದ್ಧಮ್ಮ ಎಂಬ ಹೆಣ್ಣುಮಕ್ಕಳಿಗೆ ಜೀವಾವಧಿ ಶಿಕ್ಷೆಯಾಯಿತು. ಇವರೆಲ್ಲ ಮೈಸೂರು ಸಂಸ್ಥಾನದ ಪ್ರಜೆಗಳು, ಸಂಸ್ಥಾನದ ನ್ಯಾಯಾಲಯದಲ್ಲಿ ಶಿಕ್ಷೆ ಪಡೆದವರು. ಅದೇ ಕ್ವಿಟ್ ಇಂಡಿಯಾ ಚಳವಳಿಯಲ್ಲಿ ಜೈಲು ಸೇರಿದ ನಗರದ ನಾಯಕರು ಜೈಲಿನ ದಿನಗಳನ್ನು ಪುಟಗಟ್ಟಲೆ ಬರೆದಿದ್ದಾರೆ. ಈಸೂರಿನ ಒಕ್ಕಲು ಮಕ್ಕಳ ಹೆಸರು ಸ್ಮಾರಕದ ಕಲ್ಲಿನಲ್ಲಿದೆ, ಪಠ್ಯಪುಸ್ತಕದಲ್ಲಿದೆ. ಅವರದೇ ಮಾತಿನಲ್ಲಿ ಬರೆದ ಜೈಲಿನ ಒಂದು ದಿನ ನನ್ನ ಓದಿಗೆ ಸಿಕ್ಕಿಲ್ಲ. ಹುತಾತ್ಮರಾದವರಿಗೇ ಹೀಗಾದರೆ, ಬರಗಾಲದಲ್ಲಿ ಚೀಲ ರಾಗಿ ಕದ್ದು ಆರು ತಿಂಗಳು ಕಂಬಿ ಎಣಿಸಿದವನ ಗತಿ ಕೇಳುವುದೇ ಬೇಡ.

ಸ್ವಾತಂತ್ರ್ಯ ಬಂದಮೇಲೆ ಜೈಲು ರಾಜ್ಯಪಟ್ಟಿಯ ವಿಷಯವಾಗಿಯೇ ಉಳಿಯಿತು. ಕರ್ನಾಟಕ ಏಕೀಕರಣವಾದಾಗ ಮೈಸೂರು, ಮುಂಬಯಿ, ಮದರಾಸು, ಹೈದರಾಬಾದ್, ಕೊಡಗು ಹೀಗೆ ಬೇರೆ ಬೇರೆ ಆಡಳಿತಗಳ ಜೈಲುಗಳು ಒಂದೇ ಇಲಾಖೆಯ ಕೆಳಗೆ ಬಂದವು. ಬೆಳಗಾವಿಯ ಹಿಂಡಲಗಾ ಮುಂಬಯಿಯದ್ದು, ಬಳ್ಳಾರಿ ಮದರಾಸಿನದು, ಕಲಬುರಗಿ ನಿಜಾಮನದು. ಪ್ರತಿಯೊಂದಕ್ಕೂ ತನ್ನದೇ ಭೂತಕಾಲವಿತ್ತು. 1921ರ ನವೆಂಬರಿನಲ್ಲಿ ಮಲಬಾರಿನ ತಿರೂರಿನಿಂದ, ಸರ್ಕಾರದ ವಿರುದ್ಧದ ಬಂಡಾಯದಲ್ಲಿ ಹಿಡಿದ ಮಾಪಿಳ್ಳೆ ಮುಸ್ಲಿಂ ಕೈದಿಗಳನ್ನು ಮುಚ್ಚಿದ ಗೂಡ್ಸ್ ಡಬ್ಬಿಯಲ್ಲಿ ತುಂಬಿ ರೈಲು ಹೊರಟದ್ದು ಬಳ್ಳಾರಿ ಜೈಲಿಗೆಂದೇ. ಪೋದನೂರಿನಲ್ಲಿ ಬಾಗಿಲು ತೆರೆದಾಗ ಉಸಿರುಗಟ್ಟಿದ ಹೆಣಗಳ ರಾಶಿ ಕಂಡಿತು, ಒಟ್ಟು ಅರವತ್ತಕ್ಕೂ ಹೆಚ್ಚು ಮಂದಿ ಸತ್ತರು. ಅವರಲ್ಲಿ ಬಹುತೇಕರು ಬಳ್ಳಾರಿಯನ್ನು ಕಣ್ಣಿನಿಂದ ಕಂಡವರಲ್ಲ. 1963ರಲ್ಲಿ ಇಡೀ ರಾಜ್ಯಕ್ಕೆ ಒಂದು ಕಾರಾಗೃಹ ಕಾಯ್ದೆ, 1974ರಲ್ಲಿ ನಿಯಮಗಳು ಬಂದವು. ಅದರ ಮರುವರ್ಷವೇ ತುರ್ತುಪರಿಸ್ಥಿತಿ.

1975ರ ಜೂನ್ 26ರ ಬೆಳಗ್ಗೆ ಸಂಸದೀಯ ಸಮಿತಿಯ ಸಭೆಗೆಂದು ಬೆಂಗಳೂರಿಗೆ ಬಂದಿದ್ದ ವಾಜಪೇಯಿ, ಅಡ್ವಾಣಿ, ಮಧು ದಂಡವತೆ, ಶ್ಯಾಮನಂದನ ಮಿಶ್ರ ಇಲ್ಲಿಯೇ ಬಂಧಿತರಾದರು. ಅವರ ಜೈಲುವಾಸದ ಬಗ್ಗೆ ಬೇಕಾದಷ್ಟು ಬರಹ ಲಭ್ಯವಿದೆ. ಅವರೇ ಬರೆದಿದ್ದಾರೆ, ಹಾಗಾಗಿ ನಾನಿಲ್ಲಿ ಅದನ್ನು ಹೇಳಹೋಗುವುದಿಲ್ಲ. ಅದೇ ಜೈಲಿನ ಹೆಂಗಸರ ವಿಭಾಗಕ್ಕೆ 1976ರ ಮೇ ತಿಂಗಳಲ್ಲಿ ಸ್ನೇಹಲತಾ ರೆಡ್ಡಿ ಬಂದರು. 'ಸಂಸ್ಕಾರ' ಚಿತ್ರದ ಚಂದ್ರಿಯಾಗಿ ಕನ್ನಡಿಗರು ಅವರನ್ನು ಬಲ್ಲರು. ಭೂಗತರಾಗಿದ್ದ ಸಮಾಜವಾದಿ ನಾಯಕ ಜಾರ್ಜ್ ಫರ್ನಾಂಡಿಸ್ ಅವರ ಸ್ನೇಹಿತರು ಎಂಬುದೇ ಅವರನ್ನು ಹಿಡಿದು ತಂದುದರ ಹಿಂದಿದ್ದ ನಿಜವಾದ ಕಾರಣ. ಫರ್ನಾಂಡಿಸ್ ಮತ್ತು ಸಂಗಡಿಗರು ಸ್ಫೋಟಕ ಕೂಡಿಹಾಕಿದರೆಂಬ ಬರೋಡಾ ಡೈನಮೈಟ್ ಪ್ರಕರಣದ ನೆಪ ಹೇಳಿದರು, ಕೊನೆಗೆ ಆರೋಪಪಟ್ಟಿಯಲ್ಲಿ ಅವರ ಹೆಸರಿರಲಿಲ್ಲ. ಆದರೂ ಮೀಸಾ ಕಾಯ್ದೆಯಡಿ ವಿಚಾರಣೆಯಿಲ್ಲದೆ ಎಂಟು ತಿಂಗಳು ಇಟ್ಟುಕೊಂಡರು. ಒಬ್ಬರು ಮಲಗುವಷ್ಟು ಅಗಲದ ಸೆಲ್; ಒಂದು ತುದಿಯಲ್ಲಿ ಕಕ್ಕಸಿಗೆಂದು ಒಂದು ರಂಧ್ರ, ಇನ್ನೊಂದು ತುದಿಯಲ್ಲಿ ಬಾಗಿಲಿನ ಬದಲು ಕಬ್ಬಿಣದ ಸರಳು. ಅವರಿಗೆ ತೀವ್ರ ಅಸ್ತಮಾ ಇತ್ತು. ರಾತ್ರಿಯ ನಿಶ್ಶಬ್ದದಲ್ಲಿ ಅವರ ಚೀರಾಟ ತನ್ನ ಸೆಲ್ಲಿಗೆ ಕೇಳಿಸುತ್ತಿತ್ತು ಎಂದು ದಂಡವತೆ ಮುಂದೆ ನೆನಪಿಸಿಕೊಂಡಿದ್ದಾರೆ.

ಸ್ನೇಹಲತಾ ಕೂಡ ದಿನಚರಿ ಬರೆದರು. ಅವರು ತೀರಿಕೊಂಡ ಮೇಲೆ ಅದು ಪ್ರಕಟವಾಯಿತು. ಅದರಲ್ಲಿ ತನ್ನ ಕಾಯಿಲೆಯ ಸಂಕಟದಷ್ಟೇ ಜಾಗ ಸುತ್ತಲಿನ ಬಡ ಹೆಂಗಸರಿಗೂ ಸಿಕ್ಕಿದೆ ಎಂಬುದು ನನ್ನ ಮಟ್ಟಿಗೆ ಅದರ ದೊಡ್ಡ ಗುಣ. ಜೈಲಿಗೆ ಬಂದ ಹೆಂಗಸರನ್ನು ತಪಾಸಣೆಯ ಹೆಸರಿನಲ್ಲಿ ಅವಮಾನಿಸುವುದು, ವಾರ್ಡರುಗಳು ಅವರನ್ನು ಹೊಡೆಯುವುದು, ಊಟದ ಹೀನಾಯ ಸ್ಥಿತಿ ಇವನ್ನೆಲ್ಲ ಅವರು ಪ್ರತಿಭಟಿಸಿದರು. ಹೊಡೆತ ಕಡಿಮೆಯಾಯಿತು, ಊಟ ಸ್ವಲ್ಪ ಸುಧಾರಿಸಿತು. ಆ ಹೆಂಗಸರಿಗೆ ಹಾಡು ಕಲಿಸಿದರು, ಆಟ ಆಡಿಸಿದರು. ಶ್ವಾಸಕೋಶ ಪೂರ್ತಿ ಕೆಟ್ಟಮೇಲೆ 1977ರ ಜನವರಿ 15ರಂದು ಪೆರೋಲಿನ ಮೇಲೆ ಬಿಟ್ಟರು. ಮೂರು ದಿನ ಕಳೆದು ಇಂದಿರಾ ಗಾಂಧಿ ಚುನಾವಣೆ ಘೋಷಿಸಿದರು. ಅದಾದ ಎರಡನೆಯ ದಿನ, ಜನವರಿ 20ರಂದು, ಸ್ನೇಹಲತಾ ತೀರಿಕೊಂಡರು. ತುರ್ತುಪರಿಸ್ಥಿತಿಯ ಕಥೆ ಹೇಳುವಾಗಲೆಲ್ಲ ಅವರನ್ನು ನಾಯಕರ ಪಟ್ಟಿಯ ಕೊನೆಗೆ ಒಂದು ಕಣ್ಣೀರಿನ ಸಾಲಾಗಿ ಸೇರಿಸುವುದು ರೂಢಿಯಾಗಿದೆ. ಆ ಪಟ್ಟಿಗಿಂತ ಅವರು ಹೊರಗೆ ನಿಲ್ಲುತ್ತಾರೆ. ರಾಜಕೀಯ ಕೈದಿಗಳ ಪೈಕಿ ಸಾಮಾನ್ಯ ಕೈದಿಗಳನ್ನು ದಿಟವಾಗಿ ಕಂಡವರು ವಿರಳ, ಅವರು ಆ ವಿರಳರಲ್ಲಿ ಒಬ್ಬರು.

ತುರ್ತುಪರಿಸ್ಥಿತಿಯ ಒಂದು ಪರಿಣಾಮವೆಂದರೆ, ದೇಶವನ್ನು ಆಳುವವರು ಮೊದಲ ಬಾರಿಗೆ ಸ್ವತಂತ್ರ ಭಾರತದ ಜೈಲನ್ನು ಒಳಗಿನಿಂದ ನೋಡಿ ಬಂದರು. ನ್ಯಾಯಾಲಯಗಳೂ ತಮ್ಮ ಮೌನದ ಬಗ್ಗೆ ನಾಚಿದಂತೆ ಕಂಡವು. 1978ರಲ್ಲಿ ತಿಹಾರ್ ಜೈಲಿನ ಗಲ್ಲು ಶಿಕ್ಷೆಯ ಕೈದಿ ಸುನಿಲ್ ಬಾತ್ರಾ ಏಕಾಂತವಾಸದ ವಿರುದ್ಧ ಗೆದ್ದರು. ಆಮೇಲೆ ಅದೇ ಬಾತ್ರಾ, ಪಕ್ಕದ ಕೈದಿಯೊಬ್ಬನನ್ನು ವಾರ್ಡರ್ ಚಿತ್ರಹಿಂಸೆಗೆ ಗುರಿಮಾಡಿದ್ದನ್ನು ಪತ್ರದಲ್ಲಿ ಬರೆದು ಸುಪ್ರೀಂ ಕೋರ್ಟಿಗೆ ಕಳಿಸಿದರು. ನ್ಯಾಯಮೂರ್ತಿ ಕೃಷ್ಣ ಅಯ್ಯರ್ ಆ ಪತ್ರವನ್ನೇ ಅರ್ಜಿ ಮಾಡಿಕೊಂಡರು. ವಕೀಲರಿಲ್ಲ, ಶುಲ್ಕವಿಲ್ಲ, ಛಾಪಾ ಕಾಗದವಿಲ್ಲ. ಕೈದಿಯ ಪತ್ರ ನೇರವಾಗಿ ದೇಶದ ಅತ್ಯುನ್ನತ ನ್ಯಾಯಾಲಯದ ಕಡತವಾಯಿತು. 1979ರಲ್ಲಿ ಹುಸೈನಾರಾ ಖಾತೂನ್ ಪ್ರಕರಣದಲ್ಲಿ, ತಮ್ಮ ಅಪರಾಧಕ್ಕೆ ಇರುವ ಗರಿಷ್ಠ ಶಿಕ್ಷೆಗಿಂತ ಹೆಚ್ಚು ಕಾಲ ವಿಚಾರಣೆಗಾಗಿ ಕಾಯುತ್ತ ಕೊಳೆಯುತ್ತಿದ್ದ ಬಿಹಾರದ ಕೈದಿಗಳು ಬಿಡುಗಡೆ ಕಂಡರು. ನ್ಯಾಯಮೂರ್ತಿ ಮುಲ್ಲಾ ಸಮಿತಿ 1983ರಲ್ಲಿ ಕೊಟ್ಟ ವಿಸ್ತಾರವಾದ ವರದಿ ಕಪಾಟು ಸೇರಿತು. ರಾಮಮೂರ್ತಿ ತಮ್ಮ ಪತ್ರವನ್ನು ಅಂಚೆಗೆ ಹಾಕಿದ್ದು ಈ ವಾತಾವರಣದಲ್ಲಿ.

ನ್ಯಾಯಮೂರ್ತಿ ಹನ್ಸಾರಿಯಾ ಬರೆದ ತೀರ್ಪು ಬೆಂಗಳೂರು ಜೈಲಿನ ಗೋಡೆ ದಾಟಿ ದೇಶದ ಎಲ್ಲ ಜೈಲುಗಳ ಕಡೆಗೆ ತಿರುಗಿತು. ಕೈದಿಗಳ ಕಿಕ್ಕಿರಿದ ಸಂಖ್ಯೆ, ವಿಚಾರಣೆಯ ವಿಳಂಬ, ಹಿಂಸೆ, ಆರೋಗ್ಯ ಮತ್ತು ಶುಚಿತ್ವದ ಕಡೆಗಣನೆ, ಕಳಪೆ ಊಟ ಬಟ್ಟೆ, ಜೈಲಿನೊಳಗಿನ ದುಶ್ಚಟಗಳು, ಹೊರಗಿನವರೊಂದಿಗೆ ಸಂಪರ್ಕದ ಕೊರತೆ, ಜೈಲು ಸಂದರ್ಶಕರ ವ್ಯವಸ್ಥೆ, ತೆರೆದ ಜೈಲುಗಳ ನಿರ್ವಹಣೆ ಎಂದು ಒಂಬತ್ತು ಸಮಸ್ಯೆಗಳನ್ನು ಅದು ಗುರುತಿಸಿತು. ನೂರು ವರ್ಷ ಹಳೆಯದಾದ 1894ರ ಕಾಯ್ದೆಯ ಜಾಗದಲ್ಲಿ ಹೊಸದು ಬರಬೇಕೆಂದಿತು. ತೆರೆದ ಜೈಲು ಎಂದಾಗ ನೆನಪಾಯಿತು: ನಮ್ಮ ರಾಜ್ಯದ ತೆರೆದ ಜೈಲು ಇರುವುದು ದೇವನಹಳ್ಳಿ ತಾಲ್ಲೂಕಿನ ಕೋರಮಂಗಲದಲ್ಲಿ, ಹೆಸರು ಕೇಳಿದವರು ಬೆಂಗಳೂರಿನ ಕೋರಮಂಗಲವೆಂದು ಭಾವಿಸಿ ಚಕಿತರಾಗುವುದುಂಟು. ಅಲ್ಲಿ ಸನ್ನಡತೆಯ ಕೈದಿಗಳು ಹೊಲ ಉಳುತ್ತಾರೆ. ಮೆಕಾಲೆಯ ಸಮಿತಿ ಏನನ್ನು ಬೇಡವೆಂದಿತ್ತೋ ಅದನ್ನೇ, ಬಯಲಿನ ದುಡಿಮೆಯನ್ನೇ, ಒಂದೂವರೆ ಶತಮಾನದ ನಂತರ ಸುಧಾರಣೆಯೆಂದು ನ್ಯಾಯಾಲಯ ಬೆಳೆಸಹೇಳಿತು.

ಕೂಲಿಯ ಪ್ರಶ್ನೆಗೆ ಉತ್ತರ ಸಿಕ್ಕಿದ್ದು ಇನ್ನೊಂದು ಪ್ರಕರಣದಲ್ಲಿ, 1998ರ ಸೆಪ್ಟೆಂಬರಿನಲ್ಲಿ. ಗುಜರಾತಿನಿಂದ ಬಂದ ಆ ಮೇಲ್ಮನವಿಯಲ್ಲಿ, ಸಶ್ರಮ ಶಿಕ್ಷೆಗೆ ಗುರಿಯಾದವರಿಂದ ಕೆಲಸ ಮಾಡಿಸಿಕೊಳ್ಳುವುದು ತಪ್ಪಲ್ಲ, ಆದರೆ ನ್ಯಾಯಯುತವಾದ ಕೂಲಿ ಕೊಡಬೇಕು ಎಂದು ಸುಪ್ರೀಂ ಕೋರ್ಟು ತೀರ್ಮಾನಿಸಿತು. ಅದರ ಒಂದು ಪಾಲು ಅಪರಾಧದಿಂದ ನೊಂದವರಿಗೆ ಪರಿಹಾರವಾಗಿ ಹೋಗುವಂತೆ ಕಾನೂನು ಮಾಡಲು ರಾಜ್ಯಗಳಿಗೆ ಹೇಳಿತು. ಇದು ಸಣ್ಣ ವಿಷಯವೆಂದು ತೋರಬಹುದು. ಜೈಲಿನಲ್ಲಿ ನೇಯ್ದ ಜಮಖಾನ, ಮಾಡಿದ ಬೆಂಚು, ಬೇಯಿಸಿದ ಬ್ರೆಡ್ಡು ಮಾರಾಟವಾಗುವಾಗ ಅದನ್ನು ಮಾಡಿದವನು ಕೆಲಸಗಾರನೋ ಸರ್ಕಾರದ ಸೊತ್ತೋ ಎಂಬ ಪ್ರಶ್ನೆ ಇದರೊಳಗಿದೆ. ಮನೆಯಲ್ಲಿ ದುಡಿಯುವ ಕೈ ಅದೊಂದೇ ಆಗಿದ್ದ ಸಂಸಾರಕ್ಕೆ ತಿಂಗಳಿಗೆ ಕೆಲವು ನೂರು ರೂಪಾಯಿ ಬಂದರೂ ಮಗುವಿನ ಶಾಲೆ ಬಿಡಿಸದೆ ಇರಬಹುದು.

2000ನೇ ಇಸವಿಯಲ್ಲಿ ಕೈದಿಗಳನ್ನೆಲ್ಲ ಹೊಸೂರು ರಸ್ತೆಯ ಕಡೆಯ ಪರಪ್ಪನ ಅಗ್ರಹಾರಕ್ಕೆ ಸಾಗಿಸಿ, ಹಳೆಯ ಜೈಲನ್ನು 2008ರ ನವೆಂಬರಿನಲ್ಲಿ ಫ್ರೀಡಂ ಪಾರ್ಕ್ ಮಾಡಿದರು. ಗೋಪುರವನ್ನೂ ಕೆಲವು ಬ್ಯಾರಕ್ಕುಗಳನ್ನೂ ಉಳಿಸಿಕೊಂಡದ್ದು ಒಳ್ಳೆಯದಾಯಿತು. ಈಗ ನಗರದ ಧರಣಿ, ಮೆರವಣಿಗೆಗಳು ಅಲ್ಲಿ ಮಾತ್ರ ನಡೆಯಬೇಕೆಂದು ನಿಯಮವೂ ಆಗಿದೆ. ಅಂಗನವಾಡಿ ಕಾರ್ಯಕರ್ತೆಯರು, ಪೌರಕಾರ್ಮಿಕರು, ರೈತರು ತಮ್ಮ ಕೂಲಿಯ, ಬೆಲೆಯ ದೂರು ಹೇಳಲು ಹಳೆಯ ಜೈಲಿನ ಆವರಣಕ್ಕೇ ಬಂದು ಸೇರುತ್ತಾರೆ. ಇದನ್ನು ಯೋಜಿಸಿದವರಿಗೆ ಈ ವ್ಯಂಗ್ಯ ಹೊಳೆದಿತ್ತೋ ಇಲ್ಲವೋ.

ಪರಪ್ಪನ ಅಗ್ರಹಾರದ ಸುದ್ದಿ ನಮಗೆ ಬರುವುದೂ ಹಳೆಯ ಹಾದಿಯಲ್ಲಿಯೇ. ಮಾಜಿ ಮುಖ್ಯಮಂತ್ರಿಗಳು, ನೆರೆರಾಜ್ಯದ ರಾಜಕಾರಣಿಗಳು, ಸಿನಿಮಾ ನಟರು ಒಳಗೆ ಹೋದಾಗ ಟಿವಿ ವಾಹನಗಳು ಬಾಗಿಲಿಗೆ ಬರುತ್ತವೆ. ಅವರು ಏನು ತಿಂದರು, ಯಾವ ನಂಬರು ಸಿಕ್ಕಿತು ಎಂಬುದು ಇಡೀ ರಾಜ್ಯಕ್ಕೆ ತಿಳಿಯುತ್ತದೆ. 2017ರಲ್ಲಿ ಕಾರಾಗೃಹ ಇಲಾಖೆಯ ಹಿರಿಯ ಅಧಿಕಾರಿಯೊಬ್ಬರು ಅಲ್ಲಿ ಕೆಲವರಿಗೆ ವಿಶೇಷ ಸವಲತ್ತು ಸಿಗುತ್ತಿದೆಯೆಂದು ವರದಿ ಕೊಟ್ಟರು. 2024ರಲ್ಲಿ ಹೆಸರಾಂತ ನಟರೊಬ್ಬರು ಜೈಲಿನ ಅಂಗಳದಲ್ಲಿ ಕುರ್ಚಿ ಹಾಕಿ ಕುಳಿತ ಚಿತ್ರ ಹೊರಬಿದ್ದು, ಅವರನ್ನು ಬಳ್ಳಾರಿಗೆ ಸ್ಥಳಾಂತರಿಸಿದರು. ಜನ ಇದನ್ನು ಭ್ರಷ್ಟಾಚಾರವೆಂದು ಬೈದರು, ಸರಿಯೇ. ಆದರೆ 1930ರ ಎ ದರ್ಜೆ ನೆನಪಿರುವವರಿಗೆ ಇದರಲ್ಲಿ ಹೊಸದೇನೂ ಕಾಣದು: ಅಂದು ಅಂತಸ್ತು ನೋಡಿ ನಿಯಮ ಕೊಡುತ್ತಿದ್ದುದನ್ನು ಇಂದು ನಿಯಮ ತಪ್ಪಿಸಿ ಕೊಡುತ್ತಾರೆ. ಮೈಸೂರು ಜೈಲಿನಂಥ ಕಡೆ ಹುಲುಗಪ್ಪ ಕಟ್ಟೀಮನಿ ಅವರು ಜೀವಾವಧಿ ಕೈದಿಗಳಿಂದ ನಾಟಕ ಆಡಿಸಿ, ಅವರನ್ನು ಊರೂರಿನ ರಂಗಮಂದಿರಗಳಿಗೆ ಕರೆತಂದದ್ದು ಬೇರೆಯೇ ಬಗೆಯ ಕೆಲಸ. ಆ ಪ್ರೇಕ್ಷಕರು ಹೆಸರಿಲ್ಲದ ಕೈದಿಗಳ ಮುಖ ನೋಡಿದರು, ಧ್ವನಿ ಕೇಳಿದರು.

ಇಷ್ಟೆಲ್ಲ ಹೇಳಿದ ಮೇಲೂ ಇಂದಿನ ಜೈಲುಗಳ ನಿಜವಾದ ನಿವಾಸಿಯ ಬಗ್ಗೆ ಹೇಳದಿದ್ದರೆ ಮಾತು ಅರ್ಧವಾಗುತ್ತದೆ. 2022ರ ಕೊನೆಗೆ ದೇಶದ ಜೈಲುಗಳಲ್ಲಿ 5,73,220 ಜನರಿದ್ದರು, ಇರಬಹುದಾದದ್ದು 4,36,266. ಒಳಗಿದ್ದವರಲ್ಲಿ 4,34,302 ಮಂದಿ ವಿಚಾರಣಾಧೀನರು. ಎಂದರೆ ಶಿಕ್ಷೆಯಾದವರನ್ನೆಲ್ಲ ಮನೆಗೆ ಕಳಿಸಿದರೂ, ಶಿಕ್ಷೆಯೇ ಆಗದವರಿಂದ ಜೈಲುಗಳು ಬಹುತೇಕ ತುಂಬಿರುತ್ತವೆ. ಇವರಲ್ಲಿ ಎಷ್ಟೋ ಜನರಿಗೆ ಜಾಮೀನು ಸಿಕ್ಕಿರುತ್ತದೆ, ಶ್ಯೂರಿಟಿ ಕೊಡುವವರು ಸಿಕ್ಕಿರುವುದಿಲ್ಲ. ಪಹಣಿ ಇಟ್ಟುಕೊಂಡು ಕೋರ್ಟಿಗೆ ಬರುವ ಒಬ್ಬ ನೆಂಟನೂ ಇಲ್ಲದವರು ಅವರು. ಬಡ ಕೈದಿಗಳಿಗೆ ನೆರವಾಗಲು 2023ರಲ್ಲಿ ಕೇಂದ್ರ ತಂದ ಯೋಜನೆಯಲ್ಲಿ ವಿಚಾರಣಾಧೀನರ ಜಾಮೀನಿಗೆ 40,000 ರೂಪಾಯಿವರೆಗೆ, ಶಿಕ್ಷೆಯಾಗಿ ದಂಡ ಕಟ್ಟಲಾಗದವರಿಗೆ 25,000 ರೂಪಾಯಿವರೆಗೆ ಸರ್ಕಾರವೇ ಭರಿಸಬಹುದೆಂದು ಆಗ ಗೊತ್ತುಮಾಡಿದರು. ಅದಕ್ಕೂ ಅರ್ಜಿ ಬೇಕು, ದಾಖಲೆ ಬೇಕು, ಸಮಿತಿಯ ಒಪ್ಪಿಗೆ ಬೇಕು.

2024ರ ಜುಲೈಯಲ್ಲಿ ಜಾರಿಗೆ ಬಂದ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ 479ನೇ ಕಲಮು ಒಂದು ಸಣ್ಣ ಬದಲಾವಣೆ ಮಾಡಿದೆ. ಹಿಂದೆಂದೂ ಶಿಕ್ಷೆಯಾಗದವರು, ಆರೋಪಿತ ಅಪರಾಧದ ಗರಿಷ್ಠ ಶಿಕ್ಷೆಯ ಮೂರನೇ ಒಂದು ಭಾಗದಷ್ಟು ಕಾಲ ವಿಚಾರಣಾಧೀನರಾಗಿ ಕಳೆದಿದ್ದರೆ ಅವರನ್ನು ಬಿಡಬೇಕು. ಉಳಿದವರ ವಿಷಯದಲ್ಲಿ ಅರ್ಧ ಅವಧಿ. ಗಲ್ಲು ಅಥವಾ ಜೀವಾವಧಿ ಶಿಕ್ಷೆಯ ಆರೋಪವಿರುವವರಿಗೆ, ಒಂದಕ್ಕಿಂತ ಹೆಚ್ಚು ಪ್ರಕರಣ ಬಾಕಿಯಿರುವವರಿಗೆ ಇದು ಅನ್ವಯಿಸದು. ಆ ಕೊನೆಯ ಷರತ್ತಿನಿಂದ ಹಲವರು ಹೊರಗುಳಿಯುತ್ತಾರೆ ಎಂಬುದು ನನ್ನ ಅನುಮಾನ. ಆದರೆ ಅದೇ ಕಲಮಿನ ಮೂರನೆಯ ಭಾಗ ಗಮನಾರ್ಹ. ಅವಧಿ ತುಂಬಿದ ಕೂಡಲೇ ನ್ಯಾಯಾಲಯಕ್ಕೆ ಅರ್ಜಿ ಬರೆಯುವ ಹೊಣೆ ಕೈದಿಯ ಮೇಲಿಲ್ಲ, ಅವನ ವಕೀಲನ ಮೇಲೂ ಇಲ್ಲ. ಅದು ಜೈಲು ಸೂಪರಿಂಟೆಂಡೆಂಟರ ಕರ್ತವ್ಯ. ಹಳೆಯ ಕಾನೂನಿನಡಿ ಬಂಧಿತರಾದವರಿಗೂ ಇದು ಸಲ್ಲುತ್ತದೆಂದು ಸುಪ್ರೀಂ ಕೋರ್ಟು ಆ ವರ್ಷದ ಆಗಸ್ಟ್ 23ರಂದು ಸ್ಪಷ್ಟಪಡಿಸಿ, ಅರ್ಹರ ಹೆಸರುಗಳನ್ನು ಹುಡುಕಿ ಮೂರು ತಿಂಗಳೊಳಗೆ ಅರ್ಜಿಗಳನ್ನು ಮುಂದಿಡುವಂತೆ ದೇಶದ ಎಲ್ಲ ಜೈಲುಗಳ ಸೂಪರಿಂಟೆಂಡೆಂಟರಿಗೆ ನಿರ್ದೇಶನ ಕೊಟ್ಟಿತು.